ಟೀವಿಗೆ ಟವಲ್ ಹೊದಿಸ್ತಿದ್ದ ಕಾಕಾ

ಕಾಕಾನ ಬಲಗೈ ಹೆಬ್ಬೆರಳಿನ ಉಗುರು ಅರ್ಧ ಇಂಚು ಉದ್ದ ಇತ್ತು. ಮಿಕ್ಕ ಒಂಬತ್ತನ್ನೂ ಬುಡದ ತನಕ ಕತ್ತರಿಸೋರು, ಇದೊಂದನ್ನ ಬಿಟ್ಟಿದ್ರು. ಅರದಲ್ಲಿ ಉಜ್ಜಿ ಓರೆಯಾಗಿ, ಚೂಪಾಗಿ ಇಟ್ಕೊಂಡಿದ್ರು. ವಿಡಿಯೋ ಕ್ಯಾಸೆಟ್ಟಿನ ಬಾಗಿಲು ಎತ್ತೋದು ಅದ್ರಲ್ಲೇ, ಟೇಪಿನ ಅಂಚು ಸವರಿ ನೋಡೋದೂ ಅದ್ರಲ್ಲೇ. ಒಂದ್ಸಲ ಸವರಿದ್ರೆ ಸಾಕು, ಟೇಪು ನೆಟ್ಟಗಿದ್ಯಾ ಸುಕ್ಕಾಗಿದ್ಯಾ ಹೇಳಿಬಿಡೋರು. ಆ ಉಗುರಿಗೆ ಎಣ್ಣೆ ಹತ್ತಬಾರ್ದು ಅಂತ ರೊಟ್ಟಿ ಪಲ್ಯನೂ ಚಮಚದಲ್ಲೇ ತಿನ್ನೋರು. ಜೊತೇಲಿ ಕೂತ್ರೆ ರೊಟ್ಟಿ ಮುರಿದು ತಟ್ಟೆಗೆ ಹಾಕೋದು ನನ್ನ ಕೆಲಸ.

ನಾನು ಬರಿಯೋನಲ್ಲ. ಒಂಬತ್ತನೇ ಕ್ಲಾಸಿಗೆ ಸ್ಕೂಲ್ ಬಿಟ್ಟೆ. ಮಸ್ಕತ್ತಿನ ಕನ್ನಡದವರು ಒಂದು ಪುಸ್ತಕ ತರ್ತಾರಂತೆ, ಅದಕ್ಕೆ ಕಾಕಾನ ಬಗ್ಗೆ ಯಾರಾದ್ರೂ ಬರೀಬೇಕಂತೆ. "ಇಲ್ಲಿದ್ದ ಕೊನೆ ಎರಡು ವರ್ಷ ನೀನೇ ಅಲ್ವಾ ಜೊತೇಲಿದ್ದೋನು, ನೀನೇ ಬರಿ" ಅಂದ್ರು. ಅಂದ ಚೆಂದ ಸೇರ್ಸೋಕೆ ನಂಗೆ ಬರಲ್ಲ. ಆದದ್ದು ಹೇಳ್ತೀನಿ.

ಮಸ್ಕತ್ ಪಕ್ಕದ ಅಲ್ ಅಮೇರಾತ್‌ನಲ್ಲಿ ಒಂದು ಹಳೇ ವಿಲ್ಲಾನ ತುಂಡು ತುಂಡು ಮಾಡಿ ಬಾಡಿಗೆಗೆ ಕೊಟ್ಟಿದ್ರು. ಕೆಳಗಿನ ರೂಮು ಕಾಕಾಂದು. ಮೇಲಿಂದು ನಂದೂ ಇನ್ನಿಬ್ರು ಮಲಯಾಳಿಗಳದೂ. ನಾನು ಎಸಿ ಮೆಕ್ಯಾನಿಕ್, ಊರು ಮಳವಳ್ಳಿ ಕಡೆ. ಬಂದ ವಾರಕ್ಕೇ ಕೆಳಗಡೆ ರೂಮಿನ ಎಸಿ ಕೆಟ್ಟಿದೆ ನೋಡು ಅಂದ್ರು. ಹೋಗಿ ಕವರ್ ಬಿಚ್ಚಿ ಸ್ಕ್ರೂಗಳನ್ನ ನೆಲದ ಮೇಲಿಟ್ಟೆ. ಹಿಂದಿಂದ ದನಿ ಬಂತು.

"ಏ ತಮ್ಮಾ, ಸ್ಕ್ರೂ ನೆಲದ ಮ್ಯಾಲೆ ಯಾಕ ಹಾಕಿದಿ? ಬಿತ್ತಾಕ ಬಂದೀಯೇನು?"

ಕನ್ನಡ ಕೇಳಿ ತಿರುಗಿದೆ. "ನಿಮ್ದು ಯಾವೂರು ಸಾರ್?"

"ಗದಗ. ಮೊದಲ ಸ್ಕ್ರೂ ಎತ್ತು, ಆಮ್ಯಾಲೆ ಊರು ಕೇಳುವಂತಿ."

ಅವತ್ತಿಂದ ಬೈಗುಳ ಶುರುವಾಯ್ತು, ನಿಲ್ಲಲೇ ಇಲ್ಲ. ಸ್ಕ್ರೂಡ್ರೈವರ್ ತಗೊಂಡ ಜಾಗಕ್ಕೆ ವಾಪಸ್ ಇಡ್ಲಿಲ್ಲ ಅಂತ ಬೈಗುಳ. ಚಾ ಲೋಟ ಕ್ಯಾಸೆಟ್ ಓಡಿಸೋ ಡೆಕ್ ಮೇಲಿಟ್ಟೆ ಅಂತ ಬೈಗುಳ. "ಮಂಡ್ಯಾದಾಗ ಎಲ್ಲಾರೂ ಹಿಂಗ ಬಾಗಲಾ ಹಾಕ್ತಾರೇನು, ದನಾ ಒದ್ದಂಗ?" ಅಂತ ಕೇಳೋರು. ಮಲಯಾಳಿಗಳಿಗೆ ಹಿಂದೀಲಿ ಬೈಯೋರು, ಅಂಗಡಿ ಬಾಂಗ್ಲಾದೋನಿಗೂ ಹಿಂದೀಲಿ, ನಂಗೆ ಮಾತ್ರ ಕನ್ನಡದಲ್ಲಿ. ಯಾರೂ ಬೇಜಾರು ಮಾಡ್ಕೊತಿರ್ಲಿಲ್ಲ. ಎಲ್ಲರಿಗೂ ಅವ್ರು ಕಾಕಾನೇ.

ಇಪ್ಪತ್ನಾಕನೇ ವಯಸ್ಸಿಗೆ ಒಮಾನಿಗೆ ಬಂದೋರಂತೆ. ರೂವಿಯಲ್ಲಿ ಕ್ಯಾಸೆಟ್ ಬಾಡಿಗೆಗೆ ಕೊಡೋ ಅಂಗಡಿ, ಅಲ್ಲಿ ಡೆಕ್ ರಿಪೇರಿ. ಮನೆಮನೆಗೂ ಡಿಶ್ ಬಂದ್ಮೇಲೆ ಅಂಗಡಿ ಮುಚ್ತು. ಆಮೇಲೆ ಸೊಹಾರ್‌ನಲ್ಲಿ ಒಂದು ಫ್ಯಾಕ್ಟರೀಲಿ ಇನ್‌ಸ್ಟ್ರುಮೆಂಟ್ ಟೆಕ್ನಿಷಿಯನ್. ಹೆಂಡ್ತಿ, ಒಬ್ಳೇ ಮಗಳು, ಕಂಪನಿ ಕ್ವಾರ್ಟರ್ಸು, ಎಲ್ಲಾ ಅಲ್ಲೇ. ಮಗಳನ್ನ ಹುಬ್ಬಳ್ಳಿಗೆ ಕೊಟ್ರು. ಹೆಂಡ್ತಿ ತೀರ್ಕೊಂಡ್ರು. ರಿಟೈರ್ ಆದ್ಮೇಲೂ ಊರಿಗೆ ಹೋಗ್ದೆ ಗುರುತಿನೋರ ಅಂಗಡಿ ವೀಸಾದಲ್ಲಿ ಅಮೇರಾತ್‌ಗೆ ಬಂದು ಕೂತ್ರು.

ರೂಮಲ್ಲಿ ಆರು ಹಳೇ ಡೆಕ್ಕು, ಒಂದು ಡಬ್ಬ ಟೀವಿ, ಒಂದು ಕಂಪ್ಯೂಟರ್. ಇಲ್ಲಿನ ಜನ ಹಳೇ ಮದುವೆ ಕ್ಯಾಸೆಟ್ಟು, ನಾಮಕರಣದ ಕ್ಯಾಸೆಟ್ಟು ತಂದುಕೊಡೋರು. ಕಾಕಾ ಕ್ಲೀನ್ ಮಾಡಿ ಡೆಕ್ಕಲ್ಲಿ ಓಡಿಸಿ ಕಂಪ್ಯೂಟರಿಗೆ ಏರಿಸಿ ಕೊಡೋರು. ಒಂದೇ ಒಂದನ್ನೂ ಅವ್ರು ನೋಡ್ತಿರ್ಲಿಲ್ಲ. ಟೇಪು ಹಾಕೋಕೆ ಮುಂಚೆ ಟೀವಿ ಮೇಲೆ ಒಂದು ನೀಲಿ ಟವಲ್ ಹೊದಿಸಿಬಿಡೋರು. ಡೆಕ್ ಪಕ್ಕ ಕಿವಿ ಕೊಟ್ಟು ಕೂರೋರು, ಅಷ್ಟೆ. ಟೇಪು ಎಲ್ಲಿ ಎಳೀತಿದೆ, ಎಲ್ಲಿ ಅಂಟ್ತಿದೆ, ಸದ್ದಲ್ಲೇ ಗೊತ್ತಾಗೋದು.

"ನೋಡಿದ್ರೆ ಏನಾಗುತ್ತೆ ಕಾಕಾ?" ಅಂತ ಕೇಳಿದ್ದೆ.

"ಮಂದಿ ಮನಿಯಾಗಿಂದು ನಾ ಯಾಕ ನೋಡ್ಲಿ? ಟೇಪಿಗೇನು ಗೊತ್ತೈತಿ ತನ್ನ ಮ್ಯಾಲೆ ಏನೈತಂತ. ಅದಕ್ಕ ಬೇಕಾದದ್ದು ಸ್ವಚ್ಛ ಹೆಡ್ಡು, ಸಮಾ ಸ್ಪೀಡು. ನನಗೂ ಅಷ್ಟ ಬೇಕು."

ಹೋದ ಬೇಸಿಗೆಗೆ ಅವ್ರ ವೀಸಾ ಮುಗೀತು. ವಯಸ್ಸಾಯ್ತು, ಇನ್ನು ರಿನ್ಯೂ ಇಲ್ಲ, ಖಲಾಸ್ ಅಂದ್ರು ವೀಸಾ ಕೊಟ್ಟಿದ್ದ ಕಫೀಲು. ಒಂದು ತಿಂಗಳು ಟೈಮು. ಡೆಕ್ಕುಗಳನ್ನ ಮಾರೋಣ ಅಂತ ಕಾಕಾ ಫೋಟೋ ತೆಗೆದು ನೆಟ್ಟಲ್ಲಿ ಹಾಕಿದ್ರು. ಡೆಕ್ಕುಗಳ ಹಿಂದೆ ಶೆಲ್ಫಲ್ಲಿದ್ದ ನಲವತ್ತು ಕ್ಯಾಸೆಟ್ಟೂ ಆ ಫೋಟೋದಲ್ಲಿ ಬಂದಿದ್ವು. ಮೂರನೇ ದಿನ ಯುರೋಪಿಂದ ಒಬ್ಬ ವಿಡಿಯೋ ಕಾಲ್ ಮಾಡಿದ. ಎದೆ ತನಕ ಕೆಂಚು ಗಡ್ಡ. ಕಾಕಾ ಅವನಿಗೆ ಗಡ್ಡಪ್ಪ ಅಂತ ಹೆಸರಿಟ್ರು.

ಗಡ್ಡಪ್ಪನೂ ಇನ್ನಿಬ್ರೂ ಸೇರಿ ಡಿಸ್ಕ್ ಮಾಡ್ತಾರಂತೆ. ನಲವತ್ತು ಐವತ್ತು ವರ್ಷದ ಹಿಂದೆ ಅವ್ರ ಕಡೆ ಕಮ್ಮಿ ಖರ್ಚಲ್ಲಿ ಗಡಿಬಿಡೀಲಿ ತೆಗೆದ ಪಿಕ್ಚರುಗಳು. ಬರೀ ರಕ್ತ, ಬೆತ್ತಲೆ, ದೆವ್ವ, ಕೊಲೆ. ಆಗ ಸರ್ಕಾರದೋರು ಕತ್ತರಿ ಹಾಕಿದ್ರು, ಮರ್ಯಾದಸ್ತರು ಉಗಿದ್ರು, ಥಿಯೇಟರಿನೋರು ರೀಲು ಬಿಸಾಕಿದ್ರು. ಈಗ ಅದನ್ನೇ ಹುಡುಕಿ, ತೊಳೆದು, ಕಿತ್ತುಹೋದದ್ದನ್ನ ಸೇರಿಸಿ, ಡಬ್ಬಿಗೆ ಹಾಕಿ ಮಾರ್ತಾರೆ. ಜನ ಕಾದು ಕೊಂಡ್ಕೊತಾರಂತೆ.

"ಅಲ್ಲ ಕಾಕಾ, ಅಂಥ ಪಿಕ್ಚರಿಗೆ ಇಷ್ಟು ಒದ್ದಾಡ್ತಾರಾ?"

"ನೀ ಒದ್ದಾಡಂಗಿಲ್ಲೇನು ಆ ಫೋನ್‌ನ್ಯಾಗ? ಕೈಯಾಗ ಹಿಡದು ಮಲಗ್ತಿ."

ಗಡ್ಡಪ್ಪ ಫೋಟೋದಲ್ಲಿ ಒಂದು ಕ್ಯಾಸೆಟ್ಟಿನ ಬೆನ್ನು ನೋಡಿದ್ದ. ಅರಬ್ಬಿ ಅಕ್ಷರದ ಕೆಳಗೆ ಸಣ್ಣದಾಗಿ ಇಂಗ್ಲಿಷಲ್ಲಿ ಹೆಸರಿತ್ತು. ಆ ಪಿಕ್ಚರಿನ ಕೊನೆ ಹನ್ನೊಂದು ನಿಮಿಷ ಅಲ್ಲಿ ಎಲ್ಲೂ ಉಳಿದಿಲ್ವಂತೆ. ಕೊಲೆ ಮಾಡಿದ ಹೆಂಗಸು ಸಿಕ್ಕಿಬೀಳ್ದೆ ಹೋಗಿಬಿಡ್ತಾಳೆ, ಇದು ಸರಿಯಲ್ಲ ಅಂತ ಅಲ್ಲಿನ ಸರ್ಕಾರದೋರು ಕಿತ್ತುಹಾಕಿದ್ರಂತೆ. ಗಲ್ಫಿಗೆ ಬಂದ ಕ್ಯಾಸೆಟ್ಟಲ್ಲಿ ಬೆತ್ತಲೆ ಸೀನೆಲ್ಲಾ ಕತ್ತರಿಸಿದ್ರು, ಕೊನೇನ ಯಾರೂ ಮುಟ್ಟಿರ್ಲಿಲ್ಲ. ಬೆತ್ತಲೆ ಭಾಗ ಅವ್ರ ಹತ್ರ ಇದೆ, ಕೊನೆ ಇಲ್ಲ. ಇಲ್ಲಿ ಕೊನೆ ಇದೆ. ಪಿಕ್ಚರ್ ತೆಗೆದ ಮುದುಕನಿಗೆ ಎಂಬತ್ತೆಂಟು, ಹಾಸಿಗೆ ಹಿಡಿದಿದ್ದಾನೆ, ತನ್ನ ಕೊನೇನ ಅವನೇ ನೋಡಿ ನಲವತ್ತು ವರ್ಷ ಆಯ್ತು ಅಂದ ಗಡ್ಡಪ್ಪ. ಎರಡು ವಾರದಲ್ಲಿ ಡಿಸ್ಕು ಅಚ್ಚಿಗೆ ಹೋಗುತ್ತಂತೆ.

ಕಾಕಾ ಆ ಕ್ಯಾಸೆಟ್ಟನ್ನ ಶೆಲ್ಫಿಂದ ಕೈಗೆ ತಗೊಂಡ್ರು. ಫೋನ್ ಇಟ್ಮೇಲೆ ನಂಗೆ ಹೇಳಿದ್ರು.

ಅಂಗಡಿ ಮುಚ್ಚಿದಾಗ ಉಳಿದ ಕ್ಯಾಸೆಟ್ಟೆಲ್ಲಾ ಮನೆಗೆ ತಂದಿದ್ರಂತೆ. ಖಾಲಿ ಕ್ಯಾಸೆಟ್ ಬೇಕಾದಾಗ ಅದ್ರ ಮೇಲೇ ರೆಕಾರ್ಡ್ ಮಾಡ್ಕೊಳ್ಳೋದು. ಸೊಹಾರ್‌ನಲ್ಲಿ ಒಂದ್ಸಲ ಕನ್ನಡದ ಮನೆಯೋರೆಲ್ಲಾ ಸೇರಿದ್ದಾಗ ಅವ್ರ ಹೆಂಡ್ತಿ ಒಂದು ಗಂಟೆ ಹೊತ್ತು ವಚನ ಹಾಡಿದ್ರು. ಯಾರ್ದೋ ಕ್ಯಾಮೆರಾ ಈಸ್ಕೊಂಡು ಕಾಕಾ ತೆಗೆದಿದ್ರು. ಅದನ್ನ ಏರಿಸಿದ್ದು ಈ ಪಿಕ್ಚರಿನ ಕ್ಯಾಸೆಟ್ಟಿನ ಮೇಲೆ. ಮುಂದಿನ ಭಾಗ ಅಳಿಸಿ ಹಾಡು ಕೂತಿತ್ತು, ಹಿಂದೆ ಪಿಕ್ಚರಿನ ಬಾಲ ಉಳ್ಕೊಂಡಿತ್ತು. ಹೆಂಡ್ತಿ ದನಿ ಇರೋದು ಇಡೀ ಪ್ರಪಂಚದಲ್ಲಿ ಅದೊಂದ್ರಲ್ಲೇ. ಅವ್ರು ತೀರ್ಕೊಂಡ್ಮೇಲೆ ವರ್ಷಕ್ಕೊಂದ್ಸಲ ಹಾಕಿ ಕೇಳೋರಂತೆ. ನಾಕು ವರ್ಷದ ಹಿಂದೆ ಹಾಡು ಮುಗಿಯೋ ಹೊತ್ತಿಗೆ ಟೇಪು ಕಿರುಗುಟ್ಟೋಕೆ ಶುರುಮಾಡ್ತು. ಅಲ್ಲೇ ನಿಲ್ಲಿಸಿ ತೆಗೆದಿಟ್ರು. ಮತ್ತೆ ಮುಟ್ಟಿಲ್ಲ.

"ಕಂಪ್ಯೂಟರಿಗೆ ಏರಿಸ್ಲಿಲ್ವಾ? ಊರವರದೆಲ್ಲಾ ಏರಿಸ್ತೀರ."

"ಮಾಡೂಣಂತ ಇದ್ದೆ. ಮಂದೀದು ಮೊದಲ ಮುಗೀಲಿ ಅಂತ ಇದ್ದೆ" ಅಂದ್ರು. ಅದಕ್ಕೆ ಯಾರನ್ನ ಬೈಬೇಕೋ ಗೊತ್ತಾಗದೆ ಟೇಬಲ್ ಮೇಲಿನ ಧೂಳು ಒರೆಸಿದ್ರು.

ಟೇಪು ಹಳೇದಾದ್ರೆ ಅದ್ರ ಲೇಪ ತೇವ ಕುಡಿದು ಅಂಟು ಬರುತ್ತೆ. ಹಂಗೇ ಓಡಿಸಿದ್ರೆ ಕಿತ್ತು ಬರುತ್ತೆ. ಐವತ್ತೆರಡು ಡಿಗ್ರೀಲಿ ಎಂಟು ಗಂಟೆ ಬಿಸಿ ಕೊಟ್ರೆ ಒಣಗಿ ಒಂದೆರಡು ಸಲ ಓಡುತ್ತೆ. ಕಮ್ಮಿ ಆದ್ರೆ ಅಂಟು ಹೋಗಲ್ಲ. ಜಾಸ್ತಿ ಆದ್ರೆ ಟೇಪೇ ಸುಟ್ಟುಹೋಗುತ್ತೆ. ಇದು ಕಾಕಾ ಹೇಳಿದ್ದು. ಬಿಸಿ ಒಂದೇ ಸಮ ಇರೋ ಪೆಟ್ಟಿಗೆ ಬೇಕು ಅಂದ್ರು. ಅದು ನನ್ನ ಕಸುಬು, ನಾನು ಮಾಡ್ತೀನಿ ಅಂದೆ.

ಮೊದ್ಲು ಮೀನು ತರೋ ಥರ್ಮೋಕೋಲ್ ಡಬ್ಬ ತಂದೆ. ಕಾಕಾ ಬಾಗಿಲಲ್ಲೇ ನಿಲ್ಲಿಸಿದ್ರು. "ಮೀನಿನ ಡಬ್ಬಿಯಾಗ ಆಕಿನ್ನ ಇಡ್ತಿಯೇನೋ? ನಡಿ ಹೊರಗ." ಆಮೇಲೆ ಸೈಟಿಂದ ಒಂದು ಕೆಟ್ಟ ಸಣ್ಣ ಫ್ರಿಜ್ ತಂದೆ. ಒಳಗೆ ಹೇರ್ ಡ್ರೈಯರಿನ ಕಾಯಿಲು ಕೂರಿಸಿ, ಥರ್ಮೋಸ್ಟಾಟ್ ಹಾಕಿ, ಸೆನ್ಸರನ್ನ ದಾರದಲ್ಲಿ ಕಟ್ಟಿ ಕ್ಯಾಸೆಟ್ ಇಡೋ ಜಾಗದ ಪಕ್ಕ ಇಳಿಬಿಟ್ಟೆ. ಹೊರಗೆ ಡಿಸ್ಪ್ಲೇಲಿ ಡಿಗ್ರಿ ಕಾಣೋದು. ಕೆಲಸಕ್ಕೆ ಬಾರದ ಎರಡು ಕ್ಯಾಸೆಟ್ ಇಟ್ಟು ನೋಡಿದ್ವಿ. ಎರಡೂ ಹೂವಿನಂಗೆ ಓಡಿದ್ವು. ಕಾಕಾ "ಹೂಂ" ಅಂದ್ರು. ಅವ್ರ ಬಾಯಲ್ಲಿ ಅದು ದೊಡ್ಡ ಮಾತು.

ಹಾಡು ಎಲ್ಲಿ ನಿಂತಿತ್ತೋ ಅಲ್ಲಿಗೆ ಟೇಪನ್ನ ಬ್ಲೇಡಲ್ಲಿ ಕತ್ತರಿಸಿದ್ರು. ಓಡಿದ್ದ ಭಾಗ ಬಲಗಡೆ ಚಕ್ರದಲ್ಲಿತ್ತು, ಅದು ಹಾಡು. ಓಡದೇ ಇದ್ದದ್ದು ಎಡಗಡೆ, ಅದು ಪಿಕ್ಚರಿನ ಬಾಲ. ಎರಡನ್ನೂ ಬೇರೆ ಬೇರೆ ಖಾಲಿ ಕ್ಯಾಸೆಟ್ ಡಬ್ಬಿಗೆ ಹಾಕಿದ್ರು. ಅದು ಬುಧವಾರ. ಅವ್ರ ಫ್ಲೈಟ್ ಮುಂದಿನ ಮಂಗಳವಾರ. ಶುಕ್ರವಾರ ಶನಿವಾರ ನಂಗೆ ರಜೆ, ಆ ಎರಡು ದಿನದಲ್ಲಿ ಮುಗಿಸ್ಬೇಕು ಅಂತ ಮಾತಾಯ್ತು.

ಗುರುವಾರ ಕೆಲಸದಿಂದ ಬಂದೋನು ಫ್ರಿಜ್ ಬಾಗಿಲು ತೆಗೆದು ನೋಡ್ದೆ. ದಾರದಲ್ಲಿ ನೇತಾಡೋ ಸೆನ್ಸರು ನೋಡೋಕೆ ಗಲೀಜಾಗಿತ್ತು. ಒಂದು ಸಣ್ಣ ಫ್ಯಾನ್ ಹಾಕ್ದೆ, ಬಿಸಿ ಎಲ್ಲಾ ಕಡೆ ಸಮ ಆಗ್ಲಿ ಅಂತ. ಸೆನ್ಸರನ್ನ ಕಿತ್ತು ಗಾಳಿ ವಾಪಸ್ ಬರೋ ಜಾಗದಲ್ಲಿ, ಫ್ಯಾನಿನ ಹಿಂದೆ, ಕ್ಲಿಪ್ ಹಾಕಿ ಕೂರಿಸ್ದೆ. ಐದು ವರ್ಷದಲ್ಲಿ ನಾನು ಹಾಕಿರೋ ಪ್ರತಿ ಎಸಿಯಲ್ಲೂ ಸೆನ್ಸರ್ ಅಲ್ಲೇ ಇರೋದು. ಕೈ ತಾನಾಗೇ ಅಲ್ಲಿಗೆ ಹೋಯ್ತು. ಕಾಕಾ ಆಗ ಟಿಕೆಟ್ ಕಾಗದಕ್ಕೆ ಅಂತ ಹೊರಗೆ ಹೋಗಿದ್ರು. ಬಂದ್ಮೇಲೆ ಹೇಳ್ಲಿಲ್ಲ. ಹೇಳೋಷ್ಟು ದೊಡ್ಡ ವಿಷ್ಯ ಅನ್ನಿಸ್ಲಿಲ್ಲ.

ಶುಕ್ರವಾರ ಬೆಳಗ್ಗೆ ಏಳಕ್ಕೆ ಎರಡೂ ಡಬ್ಬಿ ಟೇಬಲ್ ಮೇಲಿದ್ವು.

"ಕಾಕಾ, ಮೊದ್ಲು ಪಿಕ್ಚರಿಂದು ಹಾಕಣ."

"ಯಾಕ?"

"ಏನಾದ್ರೂ ಎಡವಟ್ಟಾದ್ರೆ ಅದು ಹೋಗ್ಲಿ. ಅಮ್ಮೋರದು ಒಂದೇ ಇರೋದು."

"ಅವರದೂ ಒಂದ ಐತಿ."

"ಅದು ಹೊಲಸು ಪಿಕ್ಚರ್ ಕಾಕಾ."

"ಹೊಲಸರ ಇರ್ಲಿ, ಚಂದರ ಇರ್ಲಿ, ಅದು ಮಂದೀದು. ಅದರ ಮುಂದಿಂದೆಲ್ಲಾ ನಾನ ಅಳಿಸೀನಿ. ಯಾರನ್ನೂ ಕೇಳಲಿಲ್ಲ. ಉಳದಿದ್ದರ ಮ್ಯಾಲೆ ಪರೀಕ್ಷಾ ಮಾಡಾಕ ನನಗೇನು ಹಕ್ಕೈತಿ? ಪರೀಕ್ಷಾ ಮಾಡೂದಿದ್ರ ನನ್ನ ಸಾಮಾನಿನ ಮ್ಯಾಲೆ."

"ಎರಡೂ ಒಟ್ಟಿಗೆ ಇಟ್ಬಿಡಣ ಹಂಗಾದ್ರೆ."

"ಒಟ್ಟಿಗೆ ಇಟ್ಟು ಒಟ್ಟಿಗೆ ಕಳಕೊಳ್ಳೂದೇನು? ಬಾಯಿ ಮುಚ್ಚಿ ಬಾಗಲಾ ತಗಿ."

ಹೆಂಡ್ತಿ ಟೇಪನ್ನ ಅವ್ರೇ ಒಳಗಿಟ್ರು, ಕಣ್ಣೆಲ್ಲಾ ಟೇಪಿನ ಮೇಲಿತ್ತು, ಫ್ಯಾನು ಸೆನ್ಸರಿನ ಕಡೆ ನೋಡ್ಲಿಲ್ಲ. ಐವತ್ತೆರಡಕ್ಕೆ ಸೆಟ್ ಮಾಡಿ ಎದುರಿಗೆ ಸ್ಟೂಲ್ ಹಾಕ್ಕೊಂಡು ಕೂತ್ರು. ಎಂಟು ಗಂಟೆ. ಡಿಸ್ಪ್ಲೇಲಿ ಐವತ್ತೆರಡು. ಒಂದ್ಸಲ ಐವತ್ತೊಂದಕ್ಕೆ ಇಳಿದು ಮತ್ತೆ ಐವತ್ತೆರಡಕ್ಕೆ ಬಂತು. ಹೊರಗೆ ಬಿಸಿಲಿಗೆ ಬೀದಿ ಬಿಳಿಚಿಕೊಂಡಿತ್ತು, ನಾಯಿನೂ ಓಡಾಡ್ತಿರ್ಲಿಲ್ಲ. ಕಾಕಾ ಡಿಸ್ಪ್ಲೇ ಮೇಲಿಂದ ಕಣ್ಣು ತೆಗೀಲಿಲ್ಲ. ನಾನು ಅನ್ನ ಸಾರು ತಂದಿಟ್ಟೆ, ಆರಿಹೋಯ್ತು. ಮಧ್ಯಾಹ್ನ ಒಂದು ಗಂಟೆ ಹೊತ್ತಿಗೆ ಒಂದು ವಾಸನೆ ಬಂತು. ಕಾದ ಪ್ಲಾಸ್ಟಿಕ್ ಬಾಚಣಿಗೆ ವಾಸನೆ ಥರ. ಹೊಸ ಫ್ಯಾನಿಂದು ಅಂದ್ಕೊಂಡೆ. ಅಂದ್ಕೊಳ್ಳೋಕೆ ಅದು ಸುಲಭ ಇತ್ತು.

ಮೂರಕ್ಕೆ ಆಫ್ ಮಾಡಿದ್ರು. ಆರೋಕೆ ಬಿಟ್ರು. ನಾಕೂವರೆಗೆ ಹೊರಗೆ ತೆಗೆದು ಬಾಗಿಲು ಎತ್ತಿ ಟೇಪಿನ ಅಂಚಿಗೆ ಉಗುರು ಇಟ್ಟು ಸವರಿದ್ರು. ಉಗುರು ನಿಂತ್ಕೊಳ್ತು. ಮತ್ತೆ ಮೊದಲಿಂದ ಸವರಿದ್ರು. ಮತ್ತೆ ಅಲ್ಲೇ ನಿಂತ್ಕೊಳ್ತು.

"ಏನಾಯ್ತು ಕಾಕಾ?"

"ಹಾಕಿ ನೋಡೂಣು."

ಮೊದಲಿಗೆ ಸುತ್ತೋಕೂ ಭಯ ಇತ್ತು, ಮೆಷೀನಿಗೆ ಕೊಡದೆ ಕೈಯಲ್ಲೇ ಚಕ್ರ ತಿರುಗಿಸಿ ಸುತ್ತಿದ್ರು. ಮುಕ್ಕಾಲು ಗಂಟೆ ಹಿಡೀತು. ನಡುನಡುವೆ ಚರ್ ಚರ್ ಅಂತ ಪದರ ಬಿಡೋ ಸದ್ದು. ಆಮೇಲೆ ಡೆಕ್ಕಿಗೆ ಹಾಕಿದ್ರು. ಟೀವಿ ಮೇಲೆ ಟವಲ್ ಇತ್ತು. ನಾನು ತೆಗೆಯೋಕೆ ಕೈ ಚಾಚಿದೆ.

"ಇರಲಿ. ಮೊದಲ ಓಡಲಿ."

ಕಂಪ್ಯೂಟರಲ್ಲಿ ರೆಕಾರ್ಡಿಂಗ್ ಆನ್ ಇತ್ತು. ಪ್ಲೇ ಒತ್ತಿದ್ರು. ಸ್ವಲ್ಪ ಹೊತ್ತು ಬರೀ ಗಾಳಿ ಸದ್ದು. ಯಾರೋ ಕೆಮ್ಮಿದ್ರು. ಆಮೇಲೆ ಹತ್ರದಲ್ಲಿ ಒಂದು ಹೆಂಗಸಿನ ದನಿ, "ಶುರು ಆತೇನ್ರೀ?"

ಕಾಕಾ ಬಗ್ಗಿ ಕೂತಿದ್ದೋರು ಹಂಗೇ ಇದ್ರು. ಅಷ್ಟೇ ಬಂದಿದ್ದು. ಡೆಕ್ಕು ಕಿರುಚ್ತು. ಕಾಕಾ ನಿಲ್ಲಿಸಿದ್ರು, ಆದ್ರೂ ಒಳಗೆ ಪಟ್ ಅಂತು. ಮುಚ್ಚಳ ಬಿಚ್ಚಿದ್ರೆ ಟೇಪು ಹರಿದು ಹೆಡ್ಡಿಗೆ ಸುತ್ಕೊಂಡಿತ್ತು. ಲೇಪ ಕಂದು ಪುಡಿಯಾಗಿ ಉದುರ್ತಿತ್ತು. ಚಕ್ರದಲ್ಲಿ ಉಳಿದಿದ್ದು ಒಂದಕ್ಕೊಂದು ಅಂಟಿ ಗಟ್ಟಿ ಮುದ್ದೆ ಆಗಿತ್ತು. ಸ್ಪಿರಿಟ್ ಹಚ್ಚಿ ಉಗುರಲ್ಲಿ ಒಂದೊಂದೇ ಪದರ ಬಿಡಿಸೋಕೆ ನೋಡಿದ್ರು. ಒಂದು ಗಂಟೆ ನೋಡಿದ್ರು. ಬಿಟ್ಟ ಕಡೆಯೆಲ್ಲಾ ಟೇಪು ಗಾಜಿನ ಹಾಳೆ ಥರ ಬೋಳಾಗಿ ಬಂತು.

"ಆತು" ಅಂದ್ರು. ಹೋಗಿ ಕೈ ತೊಳ್ಕೊಂಡ್ರು. ಟವಲ್ ತೆಗೆದು ಕೈ ಒರೆಸ್ಕೊಳ್ಳೋಕೆ ಹೋಗಿ, ಮತ್ತೆ ಅದನ್ನ ಹಂಗೇ ಟೀವಿ ಮೇಲೆ ಹಾಕಿ, ಲುಂಗಿಗೆ ಒರೆಸ್ಕೊಂಡ್ರು.

"ಐವತ್ತೆರಡು ಜಾಸ್ತಿ ಆತು. ನಂದ ಲೆಕ್ಕ ತಪ್ಪೈತಿ. ನಾಳೆ ಎರಡನೇದು ನಲವತ್ತಕ್ಕ ಇಡೂಣು" ಅಂದ್ರು.

ನಾನು ಮೇಲೆ ಹೋದೆ. ಆ 'ನಂದ ಲೆಕ್ಕ' ಅನ್ನೋದು ಕಿವೀಲಿ ಕೂತ್ಕೊಳ್ತು.

ಶನಿವಾರ ಬೆಳಗ್ಗೆ ಆರಕ್ಕೆ ಇಳಿದು ಬಂದೆ. ಕಾಕಾ ಸ್ನಾನಕ್ಕೆ ಹೋಗಿದ್ರು. ಕಂಪನಿ ಥರ್ಮಾಮೀಟರ್ ತಂದಿದ್ದೆ. ಅದ್ರ ವೈರನ್ನ ಕ್ಯಾಸೆಟ್ ಇಡೋ ಜಾಗದಲ್ಲಿಟ್ಟು ಬಾಗಿಲು ಹಾಕಿ ಫ್ರಿಜ್ ಆನ್ ಮಾಡ್ದೆ. ಸ್ವಲ್ಪ ಹೊತ್ತಿಗೆ ಡಿಸ್ಪ್ಲೇಲಿ ಐವತ್ತೆರಡು. ನನ್ನ ಕೈಲಿದ್ದ ಮೀಟರಲ್ಲಿ ಎಪ್ಪತ್ನಾಕು.

ಕಾಯಿಲಿಂದ ಬರೋ ಬಿಸಿಗಾಳಿ ಮೊದ್ಲು ಟೇಪಿಗೆ ಹೊಡೆದು, ಪೆಟ್ಟಿಗೆ ಎಲ್ಲಾ ಸುತ್ತಿ, ತಣ್ಣಗಾಗಿ ಸೆನ್ಸರ್ ಹತ್ರ ಬರ್ತಿತ್ತು. ಇನ್ನೂ ಸಾಲದು, ಇನ್ನೂ ಸಾಲದು ಅಂತ ಅದು ಕಾಯಿಲನ್ನ ಉರಿಸ್ತಾನೇ ಇತ್ತು. ಎಂಟು ಗಂಟೆ ಹೊತ್ತು ಅಮ್ಮೋರ ಹಾಡನ್ನ ಬೇಯಿಸಿದ್ದು ನಾನು.

ಸುಳ್ಳು ಹೇಳಲ್ಲ. ಮೊದ್ಲು ಬಂದ ಯೋಚನೆ ಸೆನ್ಸರನ್ನ ಸುಮ್ನೆ ಹಳೇ ಜಾಗಕ್ಕೆ ಹಾಕಿಬಿಡೋದು. ಕಾಕಾಗೆ ಗೊತ್ತೇ ಆಗಲ್ಲ. ಮಂಗಳವಾರ ಹೋಗಿಬಿಡ್ತಾರೆ. ಸೆನ್ಸರ್ ಕಿತ್ತು ದಾರ ಹುಡುಕ್ತಿದ್ದೆ. ಆಗ ಹೊಳೀತು. ಸೆನ್ಸರ್ ಸರಿ ಮಾಡಿ ಸುಮ್ನಿದ್ರೆ ಅವ್ರು ನಲವತ್ತಕ್ಕೆ ಇಡ್ತಾರೆ. ನಿಜವಾಗ್ಲೂ ನಲವತ್ತೇ ಆಗುತ್ತೆ. ಅಂಟು ಹೋಗಲ್ಲ. ಆ ಟೇಪೂ ಕಿತ್ತು ಬರುತ್ತೆ. ಯಾವುದನ್ನ ಉಳಿಸೋಕೆ ಅಂತ ಹೆಂಡ್ತೀದನ್ನ ಮುಂದೆ ಇಟ್ರೋ ಅದೂ ಹೋಗುತ್ತೆ. ಅದೂ ನನ್ನಿಂದಾನೇ.

ಬಾತ್‌ರೂಮಿನ ಬಾಗಿಲು ತೆಗೀತು. ಕಾಕಾ ವಿಭೂತಿ ಹಚ್ಕೊಂಡು ಬಂದು ಎರಡನೇ ಡಬ್ಬಿ ತಗೊಂಡ್ರು. ಗುಂಡಿ ತಿರುಗಿಸೋಕೆ ಕೈ ಹಾಕಿದ್ರು. ಐವತ್ತು. ನಲವತ್ತೇಳು. ನಲವತ್ನಾಕು.

"ಕಾಕಾ, ಐವತ್ತೆರಡೇ ಸರಿ."

"ಹೆಂಗ ಹೇಳ್ತಿ?"

"ನಿನ್ನೆ ಒಳಗಡೆ ಐವತ್ತೆರಡು ಇರ್ಲಿಲ್ಲ. ಎಪ್ಪತ್ನಾಕಿತ್ತು. ಈಗ ಮೀಟರ್ ಇಟ್ಟು ನೋಡ್ದೆ. ಗುರುವಾರ ಸೆನ್ಸರನ್ನ ಫ್ಯಾನ್ ಹಿಂದಕ್ಕೆ ಹಾಕಿದ್ದೆ. ನಿಮ್ಗೆ ಹೇಳ್ಲಿಲ್ಲ."

ಅವ್ರ ಕೈ ಗುಂಡಿ ಮೇಲೇ ಇತ್ತು. ನನ್ನ ಕಡೆ ನೋಡ್ಲಿಲ್ಲ. ಹೊರಗೆ ನೀರಿನ ಟ್ಯಾಂಕರಿನೋನು ಬಂದು ಮೋಟರ್ ಶುರುಮಾಡ್ದ. ಅವನು ಒಂದು ಟ್ಯಾಂಕ್ ತುಂಬಿಸಿ ಪಕ್ಕದ ಮನೆಗೆ ಹೋಗೋ ತನಕ ಕಾಕಾ ಹಂಗೇ ನಿಂತಿದ್ರು.

"ಎಸಿಯಾಗ ಅಲ್ಲೇ ಇಡ್ತಾರಲ್ಲ" ಅಂದ್ರು.

"ಹೂಂ."

"ಎಸಿ ಕೋಣಿ ತಂಪು ಮಾಡತೈತಿ. ಇದು ಸಾಮಾನು ಕಾಸತೈತಿ. ಸಾಮಾನಿನ ಮಗ್ಗಲಕ ಇಡಬೇಕು."

ಪಾಠ ಹೇಳ್ಕೊಟ್ಟಂಗೆ ಹೇಳಿದ್ರು. ಬೈಗುಳ ಈಗ ಬರುತ್ತೆ ಅಂತ ಕಾದೆ. ಬರ್ಲಿಲ್ಲ. ನಂಗೆ ತಡ್ಕೊಳ್ಳೋಕಾಗ್ಲಿಲ್ಲ.

"ಬೈರಿ ಕಾಕಾ."

"ಕೆಲಸ ಐತಿ. ಸೆನ್ಸರ್ ಜಾಗಕ್ಕ ಹಾಕು."

ಹಾಕ್ದೆ. ದಾರ ಎರಡು ಸಲ ಬಿಚ್ಕೊಳ್ತು. ಮೀಟರ್ ಇಟ್ಟು ನೋಡಿದ್ವಿ, ಒಳಗೂ ಐವತ್ತೆರಡು, ಹೊರಗೂ ಐವತ್ತೆರಡು. ಕಾಕಾ ಡಬ್ಬೀನ ನನ್ನ ಕಡೆ ಚಾಚಿದ್ರು.

"ನೀನ ಇಡು."

"ನನ್ ಕೈಲಿ ಆಗಲ್ಲ."

"ನಿನ್ನ ಬಿಟ್ರ ಯಾರಿಗೆ ಗೊತ್ತೈತಿ, ಎಪ್ಪತ್ನಾಕಕ್ಕ ಏನಾಗತೈತಂತ? ಇಡು."

ಇಟ್ಟೆ. ಎಂಟು ಗಂಟೆ ಇಬ್ರೂ ಅದ್ರ ಮುಂದೆ ಕೂತಿದ್ವಿ. ನಾನು ಹತ್ತು ನಿಮಿಷಕ್ಕೊಂದ್ಸಲ ಮೀಟರ್ ಓದಿ ಹೇಳೋದು, ಅವ್ರು ಗೋಡೆ ಕಡೆ ನೋಡ್ಕೊಂಡು ತಲೆ ಆಡಿಸೋದು. ಸಂಜೆ ಉಗುರಲ್ಲಿ ಅಂಚು ಸವರಿದ್ರು. ಈ ಸಲ ಉಗುರು ಜಾರ್ಕೊಂಡು ಕೊನೆ ತನಕ ಹೋಯ್ತು.

ಪ್ಲೇ ಒತ್ತೋಕೆ ಮುಂಚೆ ಟವಲ್ಲಿನ ಒಂದು ತುದಿ ಎತ್ತಿದ್ರು. "ಚಿತ್ರ ಸರಿ ಬಂತೋ ಇಲ್ಲೋ ಯಾರರ ನೋಡಬೇಕು. ನೀ ನೋಡು." ತಾವು ಬೆನ್ನು ತಿರುಗಿಸಿ ಡೆಕ್ಕಿಗೆ ಕಿವಿ ಕೊಟ್ಟು ಕೂತ್ರು. ಬಾಡಿಗೆಯೋರ ಮಕ್ಕಳು ಓಡಾಡ್ತಾರೆ ಅಂತ ನಾನು ಕಿಟಕಿ ಪರದೆ ಎಳೆದು, ಟವಲ್ ಒಳಗೆ ತಲೆ ತೂರಿಸ್ಕೊಂಡು ನೋಡ್ದೆ. ಒಂದೊಂದು ಸಲ ಚಿತ್ರ ಜಗ್ಗಿದಾಗ ಕೂಗಿ ಹೇಳ್ತಿದ್ದೆ. ಕಾಕಾ ಬೆರಳಲ್ಲಿ ಡೆಕ್ಕಿನ ಒಂದು ತಿರುಪು ಕೂದಲೆಳೆಯಷ್ಟು ತಿರುಗಿಸೋರು, ಜಗ್ಗೋದು ನಿಂತುಹೋಗೋದು. ಆರನೇ ನಿಮಿಷ, ಎಂಟನೇ ನಿಮಿಷ. ಕೊನೆಗೆ ಹೆಸರುಗಳು ಬಂದ್ವು. ಹನ್ನೊಂದು ನಿಮಿಷ, ಪೂರ್ತಿ.

"ಬಂತೇನು?"

"ಬಂತು ಕಾಕಾ. ಎಲ್ಲಾ ಬಂತು."

ಅವ್ರು ಟೇಪು ತೆಗೆದು ಡಬ್ಬಿಗೆ ಹಾಕಿ ಲೇಬಲ್ ಅಂಟಿಸಿದ್ರು. ಆಮೇಲೆ ಕೇಳಿದ್ರು, "ಆಕಿ ಏನ ಮಾಡಿದ್ಲು ಕಡೀಕ?"

"ಸತ್ತೋನ ಬೂಟು ಬಿಚ್ಚಿ ತಾನು ಹಾಕ್ಕೊಂಡು, ಹಿಮದಲ್ಲಿ ನಡ್ಕೊಂಡು ಹೋದ್ಲು."

"ಸೈಜ್ ಆದ್ವೇನು?"

"ದೊಡ್ಡದಾಗಿದ್ವು."

"ಹೂಂ" ಅಂದ್ರು.

ಗಡ್ಡಪ್ಪ ಡಿಸ್ಕಿನ ಮೇಲೆ ಕಾಕಾನ ಹೆಸರು ಹಾಕ್ತೀನಿ ಅಂದ. ಬ್ಯಾಡ ಅಂದ್ರು. ಸೊಹಾರ್ ಹಾಡಿನ ವಿಷ್ಯ ಅವನಿಗೆ ಹೇಳ್ಲೇ ಇಲ್ಲ. ತಿಂಗಳಾದ್ಮೇಲೆ ಅವನು ಒಂದು ಫೋಟೋ ಕಳಿಸ್ದ. ಹಾಸಿಗೆ ಮೇಲೆ ಒಬ್ಬ ಮುದುಕ ದಿಂಬಿಗೆ ಒರಗಿ ಟೀವಿ ನೋಡ್ತಿದ್ದ. ಅಷ್ಟೊತ್ತಿಗೆ ಕಾಕಾ ಗದಗದಲ್ಲಿದ್ರು. ನಾನು ಫೋಟೋ ಕಳಿಸ್ದೆ. "ದಿಂಬು ಎತ್ತರ ಆಗೈತಿ, ಕುತ್ತಿಗಿ ನೋಯ್ತೈತಿ ಅಂತ ಹೇಳು" ಅಂತ ಉತ್ತರ ಬಂತು.

ಏರ್‌ಪೋರ್ಟಿಗೆ ಬಿಡೋಕೆ ನಾನೇ ಹೋಗಿದ್ದೆ. ಗೇರ್ ಬದಲಾಯಿಸಿದ ರೀತಿಗೆ ದಾರಿ ಉದ್ದಕ್ಕೂ ಬೈದ್ರು, ಆ ಶನಿವಾರದ ಬಗ್ಗೆ ಒಂದು ಮಾತು ಆಡ್ಲಿಲ್ಲ. ಚಳಿಗಾಲದಲ್ಲಿ ನಿದ್ದೇಲೇ ಹೋದ್ರು ಅಂತ ಅವ್ರ ಮಗಳು ಫೋನ್ ಮಾಡಿದ್ರು. ಆಮೇಲೆ ಹದಿನೈದು ದಿನಕ್ಕೆ ಮತ್ತೆ ಮಾಡಿದ್ರು.

"ಅವ್ವನ ಹಾಡಿನ ಕ್ಯಾಸೆಟ್ಟು ಅಲ್ಲಿ ಬಿಟ್ಟಾರೇನು? ಹಳೇದಾಗಿ ತಾನ ಹರದು ಹೋತು ಅಂತಿದ್ರು ಅಪ್ಪ. ತುಂಡರ ಉಳದೈತೇನಂತ ಕೇಳಿದೆ."

"ತಾನಾಗಿ ಹರೀಲಿಲ್ಲ ಅಕ್ಕ. ನಾನು ಸುಟ್ಟಿದ್ದು" ಅಂದೆ. ಮೊದಲಿಂದ ಎಲ್ಲಾ ಹೇಳ್ದೆ. ಫ್ಯಾನು, ಸೆನ್ಸರು, ಎಪ್ಪತ್ನಾಕು. ಕಾಕಾ ಬಿಟ್ಟುಹೋಗಿದ್ದ ಕಂಪ್ಯೂಟರಲ್ಲಿ ಉಳಿದಿದ್ದ ಅಮ್ಮೋರ ಆ ಮೂರು ಸೆಕೆಂಡ್ ಮಾತನ್ನ ಕಳಿಸ್ದೆ. ಅವ್ರು ಅದನ್ನ ಎರಡು ಸಲ ಹಾಕಿದ್ದು ಫೋನಲ್ಲೇ ಕೇಳಿಸ್ತು.

"ಅಪ್ಪ ನಿಮಗ ಭಾಳ ಬೈದಿರಬೇಕು" ಅಂದ್ರು.

"ಒಂದು ಮಾತೂ ಬೈಲಿಲ್ಲ."

"ನನಗ ಪೆನ್ನಿನ ಟೋಪಿ ಕಳದದ್ದಕ್ಕ ಎರಡು ದಿನ ಬೈದಿದ್ರು" ಅಂದು ಫೋನ್ ಇಟ್ರು.

ಅವತ್ತು ನಾಕು ಬೈದಿದ್ರೆ ಅಲ್ಲಿಗೇ ತೀರಿಹೋಗ್ತಿತ್ತು. ಬೈಲಿಲ್ಲ.